ಕಪ್ಪುಬೆಟ್ಟದಲ್ಲಿ ಚಂದಲೆಯ ಆಟ

ಬಹಳ ಹಿಂದೆ, ಏಳು ಹೊಳೆಗಳಾಚೆ, ಮೋಡಗಳು ಬೀದಿಯಲ್ಲೇ ಅಲೆಯುವ ಮಂಜಾವತಿ ಎಂಬ ರಾಜ್ಯವಿತ್ತು. ಅಲ್ಲಿಗೆ ಚಂದಲೆ ಎಂಬ ಆಟಗಾತಿ ಬಂದಳು. ಅವಳು ಯಾವ ಊರಿನವಳೋ, ಯಾರ ಹತ್ತಿರ ಕಲಿತವಳೋ ಯಾರಿಗೂ ತಿಳಿಯದು. ಅವಳ ಆಟಕ್ಕೆ ಗೆಜ್ಜೆಯಿಲ್ಲ, ಮದ್ದಳೆಯಿಲ್ಲ, ಹಾಡಿಲ್ಲ. ಒಂದು ದಿನ ಬೆಳಗಿನಿಂದ ಸಂಜೆಯವರೆಗೆ ಚೌಕದಲ್ಲಿ ಮರವಾಗಿ ನಿಂತಳು. ಗುಬ್ಬಿಗಳು ಬಂದು ಹೆಗಲ ಮೇಲೆ ಕೂತವು. ಇನ್ನೊಂದು ದಿನ ಕೋಟೆಯ ಸುತ್ತ ಹಿಮ್ಮುಖವಾಗಿ ನಡೆದಳು. ಜನ ಮೊದಲು ನಕ್ಕರು. ಆಮೇಲೆ ಯಾಕೋ ಕಣ್ಣೊರೆಸಿಕೊಂಡು ಮನೆಗೆ ಹೋದರು.

"ಇದೂ ಒಂದು ಆಟವೇ?" ಎಂದು ಆಸ್ಥಾನದ ಕಲಾವಿದರು ಮೂಗು ಮುರಿದರು. ದೊರೆ ಅವಳನ್ನು ಅರಮನೆಗೆ ಸೇರಿಸಲಿಲ್ಲ.

ಹೀಗಿರುವಾಗ ಧೂಮಕೇಶನೆಂಬ ಮಾಂತ್ರಿಕ ಆ ರಾಜ್ಯದ ಕನಸುಗಳನ್ನೆಲ್ಲ ಕದ್ದು, ಗಡಿಗೆಗಳಲ್ಲಿ ತುಂಬಿ, ಕಪ್ಪುಬೆಟ್ಟಕ್ಕೆ ಒಯ್ದ. ನೇಕಾರರಿಗೆ ಹೊಸ ಚಿತ್ತಾರ ಹೊಳೆಯಲಿಲ್ಲ. ತಾಯಂದಿರಿಗೆ ಲಾಲಿ ಮರೆತುಹೋಯಿತು. ರಾಜಕುಮಾರಿಯ ಕಣ್ಣುಗಳು ಬೂದಿಯ ಬಣ್ಣಕ್ಕೆ ತಿರುಗಿದವು.

ದೊರೆ ಚಂದಲೆಯ ಗುಡಿಸಿಲಿಗೆ ನಡೆದು ಬಂದ. "ತಾಯಿ, ಆ ಬೆಟ್ಟದ ಬಾಗಿಲುಗಳು ಕಲೆಗಷ್ಟೇ ತೆರೆಯುತ್ತವಂತೆ. ಕನಸು ತರಲು ಹೋದ ನನ್ನ ಕಲಾವಿದರು ಯಾರೂ ಮರಳಲಿಲ್ಲ. ನಿನ್ನನ್ನು ಹೋಗು ಎನ್ನಲು ನನಗೆ ಮುಖವಿಲ್ಲ."

"ನನಗೆ ಆಡಲು ಒಂದು ಜಾಗ ಬೇಕಿತ್ತು, ದೊರೆ. ಅಲ್ಲೇ ಆಡುತ್ತೇನೆ," ಎಂದು ಚಂದಲೆ ಹೊರಟಳು.

ಮೊದಲ ಬಾಗಿಲಲ್ಲಿ ಕಂಚಿನ ಹುಲಿ ಮಲಗಿತ್ತು. "ಹಾಡು. ತಾಳ ತಪ್ಪಿದರೆ ತಿನ್ನುತ್ತೇನೆ," ಎಂದಿತು. ಚಂದಲೆ ಹಾಡಲಿಲ್ಲ. ಅದರೆದುರು ಕೂತು, ಅದು ಉಸಿರೆಳೆದಾಗ ತಾನೂ ಉಸಿರೆಳೆದಳು, ಬಿಟ್ಟಾಗ ಬಿಟ್ಟಳು. ಹುಲಿ ತನ್ನ ಉಸಿರನ್ನು ತಾನೇ ಕೇಳುತ್ತಾ ನಿದ್ದೆಹೋಯಿತು.

ಎರಡನೆಯ ಬಾಗಿಲಲ್ಲಿ ನೂರು ಕಣ್ಣಿನ ಹಂಸ. ಸುತ್ತಲೂ ಕಲ್ಲಾದ ಆಸ್ಥಾನದ ನರ್ತಕರು. "ಕುಣಿ. ನಾನು ಕಂಡ ಕುಣಿತವಾದರೆ ನೀನೂ ಕಲ್ಲಾಗುವೆ." ಚಂದಲೆ ಕುಣಿಯಲಿಲ್ಲ. ತನ್ನನ್ನು ಹಳಿದಿದ್ದ ಆ ನರ್ತಕರ ಮುಖದ ಧೂಳನ್ನು ಸೆರಗಿನಿಂದ ಒಬ್ಬೊಬ್ಬರದಾಗಿ ಒರೆಸಿದಳು. "ಇದನ್ನು ನಾನು ಕಂಡಿರಲಿಲ್ಲ," ಎಂದು ಹಂಸ ದಾರಿ ಬಿಟ್ಟಿತು.

ಮೂರನೆಯ ಬಾಗಿಲಾಚೆ, ಸಾವಿರ ಗಡಿಗೆಗಳ ನಡುವೆ ಧೂಮಕೇಶ ಕೂತಿದ್ದ. "ಒಮ್ಮೆ ನೋಡಿದ ಆಟವನ್ನು ನಾನು ಕದಿಯಬಲ್ಲೆ. ಆಡು."

ಚಂದಲೆ ಆಡಿದಳು. ಒಂದು ಗಡಿಗೆಯನ್ನು ಕಿವಿಗಿಟ್ಟು ಆಲಿಸಿದಳು, ಇಳಿಸಿದಳು, ಇನ್ನೊಂದನ್ನು ಎತ್ತಿದಳು. ಬಾಗಿಲ ಕಡೆ ಬೆದರಿ ನೋಡಿದಳು. ತೂಕಡಿಸಿ, ಬೆಚ್ಚಿ ಎದ್ದಳು. ಮತ್ತೆ ಗಡಿಗೆ ಎತ್ತಿದಳು.

ಮಾಂತ್ರಿಕನ ಮುಖ ಇಳಿಯಿತು. "ಅದು ನಾನೇ," ಎಂದ. "ಹುಟ್ಟಿದಾಗಿನಿಂದ ನನಗೆ ಒಂದು ಕನಸೂ ಬಿದ್ದಿಲ್ಲ. ಕದ್ದು ತಂದೆ, ಆದರೂ ಬೀಳಲಿಲ್ಲ. ಇವನ್ನು ಕಾಯುತ್ತಾ ನಿದ್ದೆಯೂ ಹೋಯಿತು."

"ಒಂದನ್ನು ಬಿಟ್ಟು ನೋಡು, ಅಣ್ಣ," ಎಂದಳು ಚಂದಲೆ.

ಅವನು ಒಂದು ಗಡಿಗೆ ಒಡೆದ. ನೀಲಿ ಚಿಟ್ಟೆಯಂತೆ ಕನಸೊಂದು ಮಂಜಾವತಿಯತ್ತ ಹಾರಿತು. ಅವನ ಹೆಗಲು ಹಗುರಾಯಿತು. ಮತ್ತೊಂದು ಒಡೆದ, ಇನ್ನೊಂದು ಒಡೆದ. ಕೊನೆಯದು ಒಡೆದಾಗ ನೆಲಕ್ಕೊರಗಿ ಮಲಗಿದ. ಮಲಗಿದವನ ತುಟಿಯಲ್ಲಿ ನಗು ಮೂಡಿತು. ಅದು ಅವನದೇ ಮೊದಲ ಕನಸು.

ಕಲ್ಲಾದವರು ಎದ್ದು ಮನೆಗೆ ಬಂದರು. ರಾಜಕುಮಾರಿಯ ಕಣ್ಣುಗಳಿಗೆ ಬಣ್ಣ ಬಂತು. ಚಂದಲೆ ಮೂವತ್ತು ವರ್ಷ ಅದೇ ರಾಜ್ಯದಲ್ಲಿ ಆಡಿದಳು. ಒಮ್ಮೆ ಆಡಿದ್ದನ್ನು ಮತ್ತೆ ಆಡಲಿಲ್ಲ.

ಒಂದು ದಿನ ದೊರೆ ಮೆಲ್ಲಗೆ ಕೇಳಿದ: "ತಾಯಿ, ಇವತ್ತಿನ ಆಟದ ಅರ್ಥವೇನು?"

"ನಿಮಗೇನನ್ನಿಸಿತು?"

"ನಮ್ಮಮ್ಮ ನನ್ನ ತಲೆ ಬಾಚಿದ್ದು ನೆನಪಾಯಿತು."

"ಹಾಗಾದರೆ ಅದೇ," ಎಂದಳು ಚಂದಲೆ. ಮರುದಿನದ ಆಟಕ್ಕೆ ದೊರೆ ಜನರ ನಡುವೆ ನೆಲದ ಮೇಲೇ ಕೂತ. ಮಂಜಾವತಿಯವರೆಲ್ಲ ಬಹುಕಾಲ ನೆಮ್ಮದಿಯಿಂದ ಬಾಳಿದರು.