ಮೂರು ಸಲ ಬರೆದ ಸುಳ್ಳು

“ಈ ಮನುಷ್ಯ ಸುಳ್ಳು ಬರದಾನ್ರಿ ಮೇಡಂ.”

ಸುರಪುರದ ಕೋರ್ಟಿನಲ್ಲಿದ್ದವರೆಲ್ಲ ತಿರುಗಿ ನೋಡಿದರು. ಹೇಳಿದವಳು ಪಂಚಶೀಲಾ, ಹುಣಸಗಿಯ ಸರ್ಕಾರಿ ಶಾಲೆಯ ಅತಿಥಿ ಶಿಕ್ಷಕಿ. ಬೆರಳು ತೋರಿಸಿದ್ದು ಕಾನ್‌ಸ್ಟೆಬಲ್ ಮರಿಲಿಂಗನ ಕಡೆಗೆ. ಇಬ್ಬರೂ ಮುಖ ನೋಡಿಕೊಂಡದ್ದು ಅದೇ ಮೊದಲು. ಪ್ರೀತಿ ಹೀಗೂ ಶುರುವಾಗುತ್ತದೆಯೇ ಎಂದು ಕೇಳಬೇಡಿ, ಆಗ ಅಲ್ಲಿದ್ದದ್ದು ಬರೀ ಸಿಟ್ಟು.

ಆಕೆಯ ತಂಗಿ ಸುಮಲತಾ ಕಾಣೆಯಾಗಿ ಎರಡು ವರ್ಷ. ಒಂಬತ್ತರ ಹುಡುಗಿ ಹುಣಸಗಿ ಬಸ್ ಸ್ಟ್ಯಾಂಡಿನ ಗದ್ದಲದಲ್ಲಿ ಅವ್ವನ ಕೈ ಬಿಟ್ಟವಳು ಮತ್ತೆ ಸಿಕ್ಕಿರಲಿಲ್ಲ. ಪೊಲೀಸರು ‘ಪತ್ತೆಯಾಗಿಲ್ಲ’ ಎಂದು ಕೊನೆಯ ವರದಿ ಕೊಟ್ಟು ಕೈ ತೊಳೆದುಕೊಳ್ಳಲು ಹೊರಟಿದ್ದರು. ಕೇಸು ಮುಚ್ಚುವ ಮೊದಲು ದೂರು ಕೊಟ್ಟಿದ್ದ ಪಂಚಶೀಲಾಗೆ ಕೋರ್ಟಿನ ನೋಟಿಸು ಮುಟ್ಟಬೇಕು. ಮುಟ್ಟಿಸಬೇಕಾದವನು ಮರಿಲಿಂಗ. ಅವನು ಮೂರು ಸಲವೂ ಒಂದೇ ಮಾತು ಬರೆದು ವಾಪಸು ಕಳಿಸಿದ್ದ: ‘ಮನೆಗೆ ಬೀಗ ಹಾಕಿದೆ.’

ಕೇಸು ಏನಾಯಿತೆಂದು ಕೇಳಲು ತಾನೇ ಬಂದಿದ್ದ ಪಂಚಶೀಲಾಗೆ ಅದು ಕೋರ್ಟಿನಲ್ಲಿ ಗೊತ್ತಾಯಿತು.

“ನಮ್ಮನಿಗೆ ಬೀಗನೇ ಇಲ್ರಿ ಮೇಡಂ. ತಂಗಿ ಹೋದಾಗಿಂದ ನಮ್ಮವ್ವ ಬಾಗಿಲಾ ಹಾಕಾಕ ಬಿಟ್ಟಿಲ್ಲ. ಹುಡುಗಿ ಬಂದ್ರ ಹೊರಗ ನಿಂದ್ರಬಾರ್ದು ಅಂತ...”

ಮ್ಯಾಜಿಸ್ಟ್ರೇಟರು ಕನ್ನಡಕ ತೆಗೆದರು. “ಏನಪ್ಪಾ?”

“ತಪ್ಪಾಗ್ಯದ್ರಿ ಮೇಡಂ.” ಅಷ್ಟೇ. ಒಂದು ನೆಪವನ್ನೂ ಹೇಳಲಿಲ್ಲ.

ಅವರು ತನಿಖೆಯ ಕಡತ ತರಿಸಿ ನೋಡಿದರು. ಎರಡು ವರ್ಷಕ್ಕೆ ಹನ್ನೊಂದು ಹಾಳೆ. ಮರಿಲಿಂಗನ ಮೇಲೆ ಕ್ರಮಕ್ಕೆ ಇಲಾಖೆಗೆ ಪತ್ರ ಹೋಯಿತು. ಕೇಸು ಮುಚ್ಚಲು ಮಾತ್ರ ಅವರು ಒಪ್ಪಲಿಲ್ಲ. ಹದಿನೈದು ದಿನಕ್ಕೊಮ್ಮೆ, ದೂರು ಕೊಟ್ಟವಳ ಎದುರಿಗೇ, ಎಲ್ಲೆಲ್ಲಿ ಹುಡುಕಿದಿರಿ ಎಂದು ವರದಿ ಕೊಡಬೇಕು ಎಂದರು. ಠಾಣೆಯಲ್ಲಿ ಯಾರಿಗೂ ಬೇಡವಾದ ಆ ಕೆಲಸ ಮರಿಲಿಂಗನ ತಲೆಗೇ ಬಿತ್ತು.

ಮೊದಲೆರಡು ತಾರೀಖಿಗೆ ಅವನು ಕೋರ್ಟಿನ ವರಾಂಡದ ಬೆಂಚಿನಲ್ಲಿ ಆಕೆಗೆ ಜಾಗ ಬಿಟ್ಟು ನಿಂತ. ಆಕೆ ಕೂರಲಿಲ್ಲ. ‘ಇವನು ಬಿಟ್ಟ ಜಾಗದಲ್ಲಿ ನಾನ್ಯಾಕೆ ಕೂರಲಿ?’

ಮೂರನೆಯ ತಾರೀಖಿಗೆ ವರದಿಯ ಪ್ರತಿ ಆಕೆಯ ಕೈಗೆ ಬಂತು. ಗಡಿಯಾಚೆ ತೆಲಂಗಾಣದ ಮಕ್ಕಳ ಆಶ್ರಮಗಳ ಪಟ್ಟಿ, ಹೋಗಿ ನೋಡಿದ ದಿನಾಂಕಗಳ ಸಮೇತ. ಹಾಜರಿ ಪುಸ್ತಕದಲ್ಲಿ ಪಳಗಿದ ಕಣ್ಣು ಮೊದಲ ಮೂರು ದಿನಾಂಕಗಳ ಮೇಲೆ ನಿಂತಿತು. ಅವು ಕೋರ್ಟು ಆದೇಶ ಮಾಡುವುದಕ್ಕಿಂತ ಹಿಂದಿನವು. ಮನೆಗೆ ಬೀಗ ಎಂದು ಅವನು ಬರೆದಿದ್ದ ಅದೇ ಮೂರು ದಿನಗಳು.

“ಅವತ್ತು ನೀವು ಹುಣಸಗಿಗೇ ಬಂದಿಲ್ಲ?”

“ಇಲ್ರಿ.”

“ಯಾಕ?”

“ನೋಟಿಸ್ ನಿಮಗ ಮುಟ್ಟಿದ್ರ ಕೇಸ್ ಮುಚ್ಚತಿದ್ರು. ಮುಚ್ಚಿದ ಕೇಸಿಗೆ ಯಾವ ಆಶ್ರಮದವ್ರೂ ರಿಜಿಸ್ಟರ್ ತಗದು ತೋರ್ಸಂಗಿಲ್ರಿ.”

“ನಾನೇ ತಕರಾರು ಹಾಕ್ತಿದ್ದೆ. ನನಗ ಹೇಳಬಾರ್ದಿತ್ತೇನು?”

“ಹೇಳಿದ್ರ ಸಿಗ್ತಾಳಂತ ಆಸಿ ಹುಟ್ಟತಿತ್ತು. ಸಿಗಲಿಲ್ಲಂದ್ರ?” ಅವನು ನೆಲ ನೋಡಿದ. “ನಾನೂ ಆಶ್ರಮದಾಗ ಬೆಳದಾಂವ್ರಿ. ಯಾರರೆ ಬರ್ತಾರಂತ ಗೇಟ್ ನೋಡ್ಕೋತ ಕುಂತಾಂವ. ಆ ಆಸಿ ಭಾಳ ಕೆಟ್ಟದು.”

ಪಂಚಶೀಲಾಗೆ ನಾಚಿಕೆಯಾಯಿತು. ‘ಎಲ್ಲರೆದುರು ನಾನು ಬೆರಳು ತೋರಿಸಿದ್ದು ಇವನಿಗಾ...’

“ನನ್ನಿಂದ ನಿಮಗ ಶಿಕ್ಷಾ ಆತು.”

“ನಿಮ್ಮಿಂದ ಕೋರ್ಟ್ ಬೆನ್ನು ಹತ್ತಿತಲ್ರಿ. ಅದು ನನ್ನ ಕೈಲೆ ಆಗ್ತಿದ್ದಿಲ್ಲ.”

ನಾಲ್ಕನೆಯ ತಾರೀಖಿಗೆ ಇಬ್ಬರೂ ಬೆಂಚಿನಲ್ಲಿ ಕೂತರು. ಐದನೆಯದಕ್ಕೆ ಆಕೆಯ ಮನೆಯಿಂದ ಜೋಳದ ರೊಟ್ಟಿ, ಪುಂಡಿಪಲ್ಯ ಬಂದವು. ಆರನೆಯದಕ್ಕೆ ಪಂಚಶೀಲಾ ಒಂದು ತಾಸು ಮೊದಲೇ ಬಂದಳು. ಬಸ್ಸು ಬೇಗ ಸಿಕ್ಕಿತು ಎಂದಳು. ಯಾವ ಬಸ್ಸು ಎಂದು ಅವನು ಕೇಳಲಿಲ್ಲ, ಪುಣ್ಯಾತ್ಮ.

ಮನೆಯಲ್ಲಿ ರೊಟ್ಟಿ ತಟ್ಟುತ್ತಾ ಒಂದು ದಿನ ಆಕೆಗೆ ಹೊಳೆಯಿತು... ತಂಗಿ ಸಿಕ್ಕರೆ ತಾರೀಖು ನಿಲ್ಲುತ್ತದೆ. ಇವನನ್ನು ನೋಡುವುದೂ ನಿಲ್ಲುತ್ತದೆ. ‘ಛೇ, ಎಂಥ ಪಾಪಿ ನಾನು’ ಎಂದು ಕಣ್ಣೊರೆಸಿಕೊಂಡಳು. ತಂಗಿ ಬೇಕು. ಇವನೂ ಬೇಕು. ಎರಡೂ ನಿಜ.

ಎಂಟನೆಯ ತಾರೀಖಿಗೆ ಮರಿಲಿಂಗ ಒಬ್ಬನೇ ಬರಲಿಲ್ಲ. ಜೊತೆಗೆ ಮಹಿಳಾ ಪೊಲೀಸ್ ಒಬ್ಬಳ ಕೈ ಹಿಡಿದ ಹನ್ನೊಂದರ ಹುಡುಗಿ. ತಪ್ಪಿ ಹತ್ತಿದ ಬಸ್ಸು ಗಡಿ ದಾಟಿಸಿತ್ತು. ಇಪ್ಪತ್ತಾರನೆಯ ಆಶ್ರಮದಲ್ಲಿ ಬೇರೆ ಹೆಸರಿನಲ್ಲಿ ಇದ್ದಳು.

ಸುದ್ದಿ ತಿಳಿದು ಕೋರ್ಟಿಗೆ ಬಂದಿದ್ದ ಅವ್ವ ಬಾಲಮ್ಮ ಅಳಲಿಲ್ಲ. ಮಗಳ ಮುಖ, ಕಿವಿ, ಬೆರಳು ಎಲ್ಲ ಮುಟ್ಟಿ ನೋಡಿ, “ಉಂಡೀಯೇನವ್ವ?” ಎಂದಳು. ಅತ್ತದ್ದು ಪಂಚಶೀಲಾ, ಅದೂ ಜೋರಾಗಿ.

ಮ್ಯಾಜಿಸ್ಟ್ರೇಟರು ಕಡತಕ್ಕೆ ಕೊನೆಯ ಸಹಿ ಹಾಕಿದರು.

“ಇನ್ನ ನಿಮಗ ಇಲ್ಲಿ ಕೆಲಸಿಲ್ರಿ,” ಎಂದ ಮರಿಲಿಂಗ ವರಾಂಡದಲ್ಲಿ. ಸಂತೋಷದ ಮಾತನ್ನು ಸಪ್ಪೆ ಮುಖ ಮಾಡಿಕೊಂಡು ಹೇಳಿದ.

“ನಿಮ್ಮನ್ನ ನೋಡ್ಲಾರ್ದ ನನಗ ಇರಾಕ ಆಗಂಗಿಲ್ಲ,” ಎಂದಳು ಆಕೆ ಸೀದಾ. “ಅವ್ವ ಅಲ್ಲೇ ಕುಂತಾಳ. ಹೋಗಿ ಕೇಳ್ರಿ.”

ಅವನು ತಿರುಗಿ ನೋಡಿದ. ಬಾಲಮ್ಮ ಸುಮಲತಾಳನ್ನು ತೊಡೆಯ ಮೇಲೆ ಕೂರಿಸಿಕೊಂಡು ಎರಡೂ ಕೈಯಿಂದ ಹಿಡಿದಿದ್ದಳು.

“ಒಬ್ಬ ಮಗಳು ಈಗ ಸಿಕ್ಕಾಳ. ಇನ್ನೊಬ್ಬಾಕಿನ್ನ ಕರ್ಕೊಂಡು ಹೋಗ್ತೀನಂತ ಯಾವ ಬಾಯಿಲೆ ಕೇಳ್ಲಿ?”

“ಯಾರನ್ನೂ ಎಲ್ಲಿಗೂ ಕರ್ಕೊಂಡು ಹೋಗಬ್ಯಾಡ್ರಿ. ನೀವೇ ನಮ್ಮನಿಗೆ ಬಂದ್ಬಿಡ್ರಿ.”

ಅವನನ್ನು ಹಾಗೆ ಯಾರೂ ಕರೆದಿರಲಿಲ್ಲ. ಟೊಪ್ಪಿಗೆ ತೆಗೆದು ಕೈಯಲ್ಲಿ ಹಿಡಿದುಕೊಂಡ.

“ನೀವೂ ಸಂಗಡ ಬರ್ರಿ. ಹೆದರಿಕಿ ಆಗಾಕತ್ತದ.”

“ಜಡ್ಜ್ ಮೇಡಂ ಮುಂದ ಹೆದರಲಿಲ್ಲಲ್ಲ?”

“ಅಲ್ಲಿ ಬರೇ ನೌಕರಿ ಹೋಗ್ತಿತ್ತು, ಪಂಚಶೀಲಾ.”