ಮುಕ್ಕಿಲ್ಲದ ಸೀಲು

ನ್ಯಾಯಾಲಯದ ದೂರು ಠಾಣೆಗೆ ಬಂದದ್ದು ಸೋಮವಾರ ಬೆಳಿಗ್ಗೆ ಹತ್ತೂವರೆಗೆ. ನೇಮಕಾತಿ ಪರೀಕ್ಷೆಗೆ ಕಡೆಯ ದಿನ ಅರ್ಜಿ ಕೊಟ್ಟಿದ್ದರೂ ಆಯೋಗ ಅದನ್ನು ಕಳೆದುಹಾಕಿದೆ ಎಂದು ನರ್ಸ್ ಒಬ್ಬಳು ದಾವೆ ಹೂಡಿದ್ದಳು. ಸಾಕ್ಷಿಗೆ ಸೀಲು ಒತ್ತಿದ ಸ್ವೀಕೃತಿ ಚೀಟಿ ಇತ್ತು. ಆ ಸೀಲು ತನ್ನದಲ್ಲ ಎಂದಿತು ಆಯೋಗ. ಸುಳ್ಳು ಯಾರದೆಂದು ಶುಕ್ರವಾರದೊಳಗೆ ತಿಳಿಸಿ ಎಂದಿದ್ದರು ನ್ಯಾಯಾಧೀಶರು.

ಇನ್‌ಸ್ಪೆಕ್ಟರ್ ಎಫ್‌ಐಆರ್ ದಾಖಲಿಸಿಕೊಂಡಳು, ಆದರೆ ಒಳಗೊಳಗೇ ಕಸಿವಿಸಿ. ಖೋಟಾ ಚೀಟಿ ನರ್ಸಿನದೇ ಆದರೆ ಅವಳು ಜೀವಮಾನದಲ್ಲಿ ಯಾವ ಸರ್ಕಾರಿ ಪರೀಕ್ಷೆಗೂ ಕೂರುವಂತಿರಲಿಲ್ಲ.

ಆಯೋಗದ ಕಿಟಕಿಯ ಬಳಿ ಪಂಚರ ಮುಂದೆ ಅಸಲಿ ಸೀಲನ್ನು ಕಾಗದಕ್ಕೆ ಒತ್ತಿಸಿ ಪಂಚನಾಮೆ ಬರೆಸಿದಳು. ದುಂಡನೆಯ ಸೀಲು, ಬಲಗಡೆಯ ಅಂಚು ಮುಕ್ಕಾಗಿತ್ತು.

"ಯಾವಾಗಿನಿಂದ ಹೀಗಿದೆ?"

"ನಾನು ಈ ಕುರ್ಚಿಗೆ ಬಂದಾಗಿನಿಂದ. ಹೊಸದು ಕೊಡಿ ಅಂತ ಬರೆದೂ ಬರೆದೂ ಕೈ ಬಿದ್ದುಹೋಯ್ತು," ಎಂದ ಗುಮಾಸ್ತ.

ನರ್ಸ್ ಕೊಟ್ಟ ಚೀಟಿಯಲ್ಲಿ ಮಿಕ್ಕದ್ದೆಲ್ಲ ತದ್ರೂಪು. ಅಂಚು ಮಾತ್ರ ಎಲ್ಲೂ ಮುಕ್ಕಾಗದೆ ಪೂರ್ತಿ ದುಂಡಗಿತ್ತು.

ಮಧ್ಯಾಹ್ನ ಆಸ್ಪತ್ರೆಯ ಪಡಸಾಲೆಯಲ್ಲಿ ನರ್ಸ್ ಸಿಕ್ಕಳು.

"ಅರ್ಜಿ ಯಾರು ಕೊಟ್ಟದ್ದು?"

"ನಾನೇ."

"ಅವತ್ತು ನಿಮಗಿಲ್ಲಿ ಡ್ಯೂಟಿ ಇತ್ತಲ್ಲ?"

ಅವಳು ನೆಲ ನೋಡಿದಳು. "ಅಣ್ಣ ಕೊಟ್ಟು ಬಂದ. ದಾವೆಯಲ್ಲಿ ‘ನಾನೇ’ ಅಂತ ಬರೆದ್ರೆ ಕೇಸು ಗಟ್ಟಿ ಅಂದ್ರು ವಕೀಲರು. ವಯಸ್ಸಿನ ಮಿತಿಗೆ ಇನ್ನೊಂದೇ ವರ್ಷ ಇದೆ ಮೇಡಂ. ಅಣ್ಣನ್ನ ಇದಕ್ಕೆ ಎಳೀಬೇಡಿ."

"ಅವರಿಗೇನು ಕೆಲಸ?"

"ಕೋರ್ಟಿನ ಎದುರು ಸೀಲು ಮಾಡೋ ಅಂಗಡಿ."

ಬರೆದುಕೊಳ್ಳುತ್ತಿದ್ದ ಪೇದೆಯ ಪೆನ್ನು ನಿಂತಿತು. ಠಾಣೆಯವರೆಲ್ಲ ಅವನನ್ನು ‘ನಿಧಾನ’ ಎಂದೇ ಕರೆಯುತ್ತಿದ್ದರು. ಅಂಥವನೂ ಹೊರಗೆ ಬಂದದ್ದೇ ತಡ, "ಈಗಲೇ ಎಳ್ಕೊಂಡು ಬರ್ಲಾ ಮೇಡಂ?" ಎಂದ.

"ಅಂಗಡಿ ಇಟ್ಕೊಂಡದ್ದೇ ಅಪರಾಧ ಏನಯ್ಯ? ನಮ್ಮ ಠಾಣೆಯ ಹಳೇ ಸೀಲೂ ಮುಕ್ಕಾಗಿದೆಯಲ್ಲ. ಅವನ ಹತ್ರ ಅಂಥದ್ದೇ ಒಂದು ಮಾಡಿಸು. ಮುಕ್ಕೂ ಹಾಗೇ ಇರಲಿ ಅಂತ ಹೇಳು."

ಗುರುವಾರ ಅದನ್ನು ತರಲು ತಾನೇ ಹೋದಳು. ಅಂಗಡಿಯ ತುಂಬ ಕಾದ ರಬ್ಬರಿನ ವಾಸನೆ. ಅಣ್ಣ ಹೊಸ ಸೀಲನ್ನು ಒತ್ತಿ ತೋರಿಸಿದ. ಅಂಚಿನಲ್ಲಿ ಒಂದು ಕೂದಲಿನಷ್ಟೂ ಮುಕ್ಕಿರಲಿಲ್ಲ.

"ಇದ್ದ ಹಾಗೇ ಬೇಕು ಅಂದಿದ್ವಲ್ಲ?"

"ಮುಕ್ಕಾಗಿರೋದನ್ನ ಹಾಗೇ ಮಾಡೋಕೆ ಕೈ ಬರಲ್ಲ ಮೇಡಂ. ನೋಡಿದವರು ನನ್ನ ಕೆಲಸಾನೇ ಕೆಟ್ಟದ್ದು ಅಂತಾರೆ."

ಅವಳು ಪಕ್ಕದಲ್ಲಿ ಸ್ವೀಕೃತಿ ಚೀಟಿಯ ಫೋಟೊ ಇಟ್ಟಳು. "ಇದಕ್ಕೂ ಕೈ ಬರಲಿಲ್ವಾ?"

ಅವನ ಮುಖ ಬಿಳಿಚಿಕೊಂಡಿತು. "ತಂಗಿಗೆ ಏನೂ ಗೊತ್ತಿಲ್ಲ," ಎಂದ.

ಇನ್‌ಸ್ಪೆಕ್ಟರಿಗೆ ಬೇಕಾಗಿದ್ದದ್ದು ಅದೇ ಮಾತು. "ಬಾಯಲ್ಲಿ ಹೇಳಿದ್ರೆ ಕೋರ್ಟು ಕೇಳಲ್ಲ. ಆ ಸೀಲು ಎಲ್ಲಿ?"

ತಂಗಿಯ ಹೋದ ವರ್ಷದ ಅರ್ಜಿಯ ಚೀಟಿ ನೋಡಿ ಕೆತ್ತಿದ್ದ ಸೀಲು ಮೇಜಿನ ಡ್ರಾಯರಿನಲ್ಲೇ ಇತ್ತು. ಚೆನ್ನಾಗಿ ಬಂದದ್ದನ್ನು ಬಿಸಾಡಲು ಮನಸ್ಸಾಗಿರಲಿಲ್ಲವಂತೆ. ಪಂಚರ ಎದುರು ಅದನ್ನು ಜಪ್ತಿ ಮಾಡಿ, ಸಂಜೆ ನಾಲ್ಕಕ್ಕೆ ಅವನನ್ನು ಬಂಧಿಸಿದರು.

ಜೀಪಿನಲ್ಲಿ ಅವನೇ ಬಾಯಿಬಿಟ್ಟ. ಅರ್ಜಿಯ ಕಡೆಯ ದಿನ ಯಾರೋ ತುರ್ತಾಗಿ ಸೀಲು ಕೇಳಿದ್ದರು, ಮುಗಿಸಿಯೇ ಹೋಗೋಣ ಎಂದುಕೊಂಡ. ಹೋಗುವಷ್ಟರಲ್ಲಿ ಕಿಟಕಿ ಮುಚ್ಚುತ್ತಿದ್ದರು. ಎಷ್ಟು ಬಡಿದರೂ ತೆಗೆಯಲಿಲ್ಲ.

"ಮನೆಗೆ ಬಂದ್ರೆ ಬಾಗಿಲಲ್ಲೇ ನಿಂತು ‘ಕೊಟ್ಯಾ ಅಣ್ಣ?’ ಅಂದ್ಲು. ಅಷ್ಟು ಆಸೆಯಿಂದ ಕೇಳಿದ್ಲು. ‘ಹೂಂ’ ಅಂದುಬಿಟ್ಟೆ, ಆಮೇಲೆ ಚೀಟಿ ಮಾಡಿ ಕೊಟ್ಟೆ. ಅವಳು ಕೋರ್ಟಿಗೇ ಹೋಗ್ತಾಳೆ ಅಂತ ಯಾರಿಗೆ ಗೊತ್ತಿತ್ತು?"

ಕತ್ತಲಾಗುವ ಮುಂಚೆ ನರ್ಸ್ ಠಾಣೆಗೆ ಬಂದಳು, ಕಂಕುಳಲ್ಲಿ ಒಂದು ಹೊದಿಕೆ. ಅಣ್ಣನ ಕಡೆ ತಿರುಗಿಯೂ ನೋಡಲಿಲ್ಲ.

"ಮುಂದಿನ ವರ್ಷ ನಾನು ಬರೀಬಹುದಾ ಮೇಡಂ?"

"ಆ ‘ನಾನೇ’ ಅನ್ನೋ ಸುಳ್ಳಿಗೆ ನ್ಯಾಯಾಧೀಶರ ಹತ್ರ ಚೆನ್ನಾಗಿ ಬೈಸ್ಕೋತೀರಿ. ಆದ್ರೆ ಚೀಟಿ ನಿಮ್ಮ ಕೆಲಸ ಅಲ್ಲ ಅಂತ ನನ್ನ ವರದಿಯಲ್ಲಿದೆ."

ಕಂಬಿಯ ಆಚೆಯಿಂದ ಅಣ್ಣ ತಲೆಯೆತ್ತದೆ ಹೇಳಿದ: "ಅರ್ಜಿ ನೀನೇ ಹೋಗಿ ಕೊಡು."

ಅವಳು ಹೊದಿಕೆಯನ್ನು ಪೇದೆಯ ಕೈಗಿತ್ತು, ಅಣ್ಣನಿಗೆ ಚಳಿ ತಡೆಯಲ್ಲ ಎಂದಷ್ಟೇ ಹೇಳಿ ಹೊರಟಳು.