ಸೈಗಾಗ್ಲಿನ್ ಮನೆಯ ಬಾಗಿಲು

ಗೋಲಿ ಒಲೆಯ ಕಡೆ ಹೋಗಬೇಕಿತ್ತು. ಹೋಗಲಿಲ್ಲ.

ಡೆಲ್ಫಿ ಅದನ್ನು ಎತ್ತಿಕೊಂಡು ಮತ್ತೆ ಅಡುಗೆಮನೆಯ ನಡುವೆ ಇಟ್ಟಳು. ನೀಲಿ ಗಾಜಿನ ಗೋಲಿ. ಏನೋ ಯೋಚನೆ ಮಾಡುವ ಹಾಗೆ ಅದು ಸ್ವಲ್ಪ ಹೊತ್ತು ನಿಂತಿತು. ಆಮೇಲೆ ಯಾರೋ ಕರೆದ ಹಾಗೆ ಮೆಲ್ಲಗೆ ಬೆಟ್ಟದ ಬದಿಯ ಹಿಂದಿನ ಕೋಣೆಯ ಕಡೆ ಉರುಳಿತು. ಅಜ್ಜಿಯ ಮಂಚದ ಕೆಳಗೆ ನುಗ್ಗಿ ಗೋಡೆಗೆ ಟಕ್ ಎಂದು ಬಡಿಯಿತು.

“ಅಜ್ಜಿ, ಗೋಲಿ ಬೆಟ್ಟದ ಕಡೆ ಹೋಯ್ತು.”

“ಹೋಗ್ಲಿ ಬಿಡೆ,” ಎಂದಳು ಅಜ್ಜಿ ಒಲೆಯ ಮುಂದಿನಿಂದಲೇ. “ಸೈಗಾಗ್ಲಿನ್ ಮನೆ ಇದು. ಇಲ್ಲಿ ಗೋಲಿ ಎತ್ಲಾಗೆ ಬೇಕಾದ್ರೂ ಹೋಗತ್ತೆ.”

“ಇಲ್ಲ ಅಜ್ಜಿ. ಯಾವಾಗ್ಲೂ ಒಲೆ ಕಡೆಗೇ ಹೋಗ್ತಿತ್ತು.”

ಅಜ್ಜಿ ಉತ್ತರ ಕೊಡುವ ಮೊದಲೇ ಮುಂಬಾಗಿಲು ಕಿರ್ ಎಂದಿತು.

ಆ ಬಾಗಿಲಿಗೆ ಯಾರೂ ಚಿಲಕ ಹಾಕಿದವರಲ್ಲ. ಮನೆ ವಾಲಿದ್ದರಿಂದ ಅದು ತಾನೇ ಮುಚ್ಚಿಕೊಳ್ಳುತ್ತಿತ್ತು. ತೆರೆದಿಡಬೇಕಾದರೆ ಕಲ್ಲು ಒತ್ತಿಡಬೇಕಿತ್ತು. ಈಗ ಅದು ಯಾರೂ ಮುಟ್ಟದೆ, ಗಾಳಿಯೂ ಇಲ್ಲದೆ, ಇಷ್ಟಿಷ್ಟೇ ಒಳಕ್ಕೆ ತೆರೆದುಕೊಂಡಿತು. ಹೊರಗೆ ಮಂಜು ಬಿಟ್ಟರೆ ಏನೂ ಇರಲಿಲ್ಲ.

ಅಜ್ಜಿ ತಿರುಗಿಯೂ ನೋಡಲಿಲ್ಲ. ಗೂಟದಿಂದ ಇನ್ನೊಂದು ಕಪ್ಪು ತೆಗೆದಳು. ತಾತನ ಕಪ್ಪು. ಅದಕ್ಕೆ ಕಾಫಿ ಸುರಿದು ಮೇಜಿನ ಆ ತುದಿಗೆ ಇಟ್ಟಳು.

“ಬನ್ನಿ,” ಎಂದಳು ಮೆಲ್ಲಗೆ. “ಆರೋದ್ರೊಳಗೆ ಕುಡೀರಿ.”

ತಾತ ತೀರಿಹೋಗಿದ್ದು ವಸಂತದಲ್ಲಿ. ಈಗ ಎಲೆ ಉದುರುವ ಕಾಲ.

*

ನಾರ್ತ್ ಕೆರೊಲಿನಾದ ಆ ಬೆಟ್ಟಗಳ ವಿಷಯ ಹೇಳಿದರೆ ನೀವು ನಂಬುವುದಿಲ್ಲ. ನಾನು ಕಣ್ಣಾರೆ ಕಂಡವನು. ಅಲ್ಲಿ ಕೋಳಿ ಮೊಟ್ಟೆ ಇಟ್ಟರೆ ಕೂಗುತ್ತಾ ಕೂರುವುದಿಲ್ಲ, ಮೊಟ್ಟೆಯ ಹಿಂದೆ ಓಡುತ್ತದೆ. ಆಲೂಗಡ್ಡೆ ಅಗೆಯುವವರು ಕೆಳಗಿನ ಮನೆಯವರಿಗೆ ಮೊದಲೇ ಕೂಗಿ ಹೇಳುತ್ತಾರೆ, ಬುಟ್ಟಿ ಹಿಡಿದು ನಿಲ್ಲಿ ಎಂದು.

ಅಂಥ ಕಡೆ ಹೋಬರ್ಟ್ ತಾತ ಬರೀ ಕಣ್ಣಳತೆಯಲ್ಲಿ ಮನೆ ಕಟ್ಟಿದ್ದ. ಪಕ್ಕದ ಮನೆಯ ರಾಯ್ಸ್ ಮಾಮನ ಪ್ರಕಾರ ತಾತನ ಒಂದು ಕಣ್ಣು ಮೇಲೆ, ಒಂದು ಕಣ್ಣು ಕೆಳಗೆ ಇತ್ತು. ಅದಕ್ಕೇ ಮನೆ ಒಲೆಯ ಕಡೆ ವಾಲಿತ್ತು.

ಅಜ್ಜಿ ಆ ಸೊಟ್ಟಕ್ಕೆ ಹೊಂದಿಕೊಂಡುಬಿಟ್ಟಿದ್ದಳು. ಮೇಜಿನ ಕಾಲಿಗೆ ಮರದ ಚೂರು ಕೊಟ್ಟಿದ್ದಳು. ಕಬ್ಬಿಣದ ಬಾಣಲೆಯಲ್ಲಿ ಜೋಳದ ಬ್ರೆಡ್ಡಿನ ಹಿಟ್ಟು ಹುಯ್ದು ಓವನ್ನಿಗಿಟ್ಟರೆ ಬ್ರೆಡ್ಡು ಗೋಡೆಯ ಕಡೆ ದಪ್ಪ, ಈಚೆ ಕಡೆ ತೆಳ್ಳಗೆ ಬೇಯುತ್ತಿತ್ತು. ದಪ್ಪ ಕಡೆಯ ತುಂಡು ಯಾವಾಗಲೂ ತಾತನಿಗೆ.

ಶಾಲೆ ಬಿಟ್ಟ ಮೇಲೆ ಡೆಲ್ಫಿ ಅಜ್ಜಿಯ ಮನೆಗೆ ಬರುತ್ತಿದ್ದಳು. ಅಮ್ಮನಿಗೆ ಕಾಲುಚೀಲದ ಫ್ಯಾಕ್ಟರಿಯಲ್ಲಿ ಕೆಲಸ. ಸಂಜೆ ಕಾರಿನಲ್ಲಿ ಬಂದು ಮಗಳನ್ನು ಪೇಟೆಗೆ ಕರೆದುಕೊಂಡು ಹೋಗುತ್ತಿದ್ದಳು. ಆಮೇಲೆ ಆ ಮನೆಯಲ್ಲಿ ಅಜ್ಜಿ ಒಬ್ಬಳೇ.

ಒಬ್ಬಳೇ, ಮತ್ತು ನಿಂತ ಗಡಿಯಾರ. ಮನೆಯಲ್ಲಿ ಯಾರಾದರೂ ತೀರಿಕೊಂಡರೆ ಅಲ್ಲಿಯವರು ಗಡಿಯಾರ ನಿಲ್ಲಿಸುತ್ತಾರೆ. ಮಣ್ಣು ಮಾಡಿ ಬಂದ ಮೇಲೆ ಮತ್ತೆ ನಡೆಸುತ್ತಾರೆ. ಅಜ್ಜಿ ನಡೆಸಿರಲಿಲ್ಲ.

*

ಹೊಸ ಟೀಚರ್ ಮಿಸ್ ಪೆಂಡ್ಲಿ ಬಯಲುಸೀಮೆಯವರು. ಅವರಿಗೆ ಬೆಟ್ಟದ ಮಾತು ಅರ್ಥವಾಗುತ್ತಿರಲಿಲ್ಲ.

“ಬಸ್ ಡ್ರೈವರ್ ನನ್ನ ಕಾರು ನೋಡಿ ಸೈಗಾಗ್ಲಿನ್ ಅಂದ್ರು. ಹಾಗಂದ್ರೆ ಏನ್ರೋ? ಬೈದ್ರಾ?”

ಕ್ಲಾಸೆಲ್ಲ ಒಟ್ಟಿಗೆ ಶುರುಮಾಡಿತು.

“ಸೊಟ್ಟ ಮಿಸ್. ಕಾರು ಸೊಟ್ಟಗೆ ನಿಲ್ಸಿದೀರ.”

“ಬರೀ ಸೊಟ್ಟ ಅಲ್ಲ ಮಿಸ್. ಮೊಳೆ ಸೊಟ್ಟ ಆದ್ರೆ ಸೊಟ್ಟ ಅಷ್ಟೆ. ನೆಟ್ಟಗಿರಬೇಕಾದ್ದು ವಾಲಿದ್ರೆ ಸೈಗಾಗ್ಲಿನ್.”

“ಟಾಬಿ ಹೇರ್‌ಕಟ್ ಸೈಗಾಗ್ಲಿನ್, ಮಿಸ್.”

“ನಿಮ್ಮಪ್ಪ ಶನಿವಾರ ನಡೆಯೋದೂ ಸೈಗಾಗ್ಲಿನ್ ಕಣೋ,” ಎಂದ ಟಾಬಿ.

ಮಿಸ್ ನಗುತ್ತಾ ಬೋರ್ಡಿನ ಮೇಲೆ ವಾಲಿದ ಪೆಟ್ಟಿಗೆ ಬರೆದರು. ಡೆಲ್ಫಿ ಕೈ ಎತ್ತಿದಳು.

“ಮಿಸ್, ಈ ಕಡೆಗೆ ಸೈಗಾಗ್ಲಿನ್ ಇದ್ದ ಮನೆ ಆ ಕಡೆಗೆ ಸೈಗಾಗ್ಲಿನ್ ಆಗಬಹುದಾ?”

“ನಿಮ್ಮಜ್ಜಿ ಮನೆ ಯಾವಾಗ ನೆಟ್ಟಗಿತ್ತೇ?” ಎಂದ ಟಾಬಿ. ಎಲ್ಲರೂ ನಕ್ಕರು.

ಮಿಸ್ ನಗಲಿಲ್ಲ. “ಆದರೆ ಮಧ್ಯದಲ್ಲಿ ಒಂದು ಸಲ ನೆಟ್ಟಗಾಗಿರಬೇಕಲ್ಲ ಡೆಲ್ಫಿ,” ಎಂದರು. “ಯಾವತ್ತಾದ್ರೂ ಆಗಿತ್ತಾ?”

ಡೆಲ್ಫಿಗೆ ನೆನಪಾಯಿತು. ಹೋದ ವಾರ ಅಜ್ಜಿ ಬೆಳಿಗ್ಗೆ ಎದ್ದವಳೇ ತಲೆ ತಿರುಗಿ ಗೋಡೆ ಹಿಡಿದುಕೊಂಡಿದ್ದಳಂತೆ. ಹಡಗಿನಲ್ಲಿ ನಿಂತ ಹಾಗಾಯ್ತು ಎಂದಿದ್ದಳು. ಮಧ್ಯಾಹ್ನದ ಹೊತ್ತಿಗೆ ಸರಿಹೋಯಿತಂತೆ.

ಅವತ್ತೇ ಮನೆ ನೆಟ್ಟಗಾಗಿತ್ತು. ನೆಟ್ಟಗಾಗಿ, ಅಲ್ಲಿ ನಿಲ್ಲದೆ, ಆಚೆ ಕಡೆಗೆ ಹೊರಟಿತ್ತು.

*

ಸಂಜೆ ಅಂಗಳದಲ್ಲಿ ತಾತನ ಮುದಿ ನಾಯಿ ಬಡ್ ಮಲಗಿತ್ತು. ಡೆಲ್ಫಿ ಕರೆದರೂ ಒಳಗೆ ಬರಲಿಲ್ಲ. ಮನೆಯ ಅಡಿಯನ್ನೇ ನೋಡುತ್ತಾ ಗಂಟಲಲ್ಲೇ ಕುಂಯ್‌ಗುಟ್ಟಿತು.

ಅಜ್ಜಿ ಓವನ್ನಿನಿಂದ ಬ್ರೆಡ್ಡು ತೆಗೆದಳು. ಗೋಡೆಯ ಕಡೆ ತೆಳ್ಳಗೆ, ಈಚೆ ಕಡೆ ದಪ್ಪ.

“ನೋಡು ಅಜ್ಜಿ. ತಿರುಗಿಬಿಟ್ಟಿದೆ.”

“ಅವ್ರು ಈಗ ಈ ಕಡೆ ಕೂತ್ಕೋತಾರೆ ಮಗಾ,” ಎಂದಳು ಅಜ್ಜಿ. ಅವಳ ಮುಖ ಹೊಸ ದೀಪ ಹಚ್ಚಿದ ಹಾಗಿತ್ತು. “ರಾತ್ರಿ ಓಡಾಡ್ತಾರೆ. ನೆಲ ಕಿರುಗುಟ್ಟತ್ತೆ. ಹೋದ್ರು ಹೋದ್ರು ಅಂತ ಎಲ್ರೂ ಅಂದ್ರು. ಎಲ್ಲಿಗೆ ಹೋಗ್ತಾರೆ?”

ಡೆಲ್ಫಿ ರಾಯ್ಸ್ ಮಾಮನ ಹತ್ತಿರ ಓಡಿದಳು. ಅವನು ಬೇಲಿಯ ಹತ್ತಿರ ಸೌದೆ ಒಡೆಯುತ್ತಿದ್ದ.

“ಮಾಮ, ಅಜ್ಜಿ ಮನೆ ವಾಲ್ತಾ ಇದೆ.”

“ಅಯ್ಯೋ ಪಾಪ, ಈಗ ಗೊತ್ತಾಯ್ತಾ?” ಎಂದು ಅವನು ಕೊಡಲಿ ಊರಿಕೊಂಡು ನಕ್ಕ. “ಆ ಮನೇಲಿ ನಾನು ಊಟಕ್ಕೆ ಕೂತ್ರೆ ಸಾರು ಎದುರಿನವರ ತಟ್ಟೆಗೆ ಹೋಗ್ತಿತ್ತು.”

ಕಾರಿನಲ್ಲಿ ಅಮ್ಮನಿಗೂ ಹೇಳಿದಳು. ಅಮ್ಮ ಆಕಳಿಸಿದಳು. “ಡೆಲ್ಫಿ, ನಾನು ಹುಟ್ಟಿದಾಗಿಂದ ಅದು ಹಾಗೇ ಇದೆ.”

ಎಲ್ಲರಿಗೂ ಮನೆ ಸೊಟ್ಟ ಅನ್ನುವುದು ಗೊತ್ತಿತ್ತು. ಅದಕ್ಕೇ ಯಾರೂ ಅದನ್ನು ನೋಡುತ್ತಿರಲಿಲ್ಲ.

ಮಾರನೆಯ ದಿನ ಡೆಲ್ಫಿ ಅಜ್ಜಿಯ ಕೈ ಹಿಡಿದುಕೊಂಡು ನೇರವಾಗಿ ಹೇಳಿದಳು. “ಅದು ತಾತ ಅಲ್ಲ ಅಜ್ಜಿ. ಕೋಣೆ ಕೆಳಗೆ ನೆಲ ಕುಸೀತಿದೆ. ಅದಕ್ಕೇ ಬಾಗಿಲು ತೆರೆಯತ್ತೆ. ನೀನು ನಮ್ಮ ಮನೆಗೆ ಬಂದ್ಬಿಡು.”

ಅಜ್ಜಿಯ ಕೈ ಸಡಿಲವಾಯಿತು. ಮುಖದ ದೀಪ ಆರಿತು.

“ಅವ್ರಲ್ವಾ?” ಎಂದಳು.

ಡೆಲ್ಫಿಗೆ ತಾನು ಏನೋ ಒಡೆದುಹಾಕಿದ ಹಾಗಾಯಿತು.

ಅಜ್ಜಿ ಕೈ ಬಿಡಿಸಿಕೊಂಡು ತಾತನ ಕಪ್ಪನ್ನು ಒರೆಸತೊಡಗಿದಳು. ಒರೆಸಿದ ಕಪ್ಪನ್ನೇ ಮತ್ತೆ ಮತ್ತೆ ಒರೆಸಿದಳು. “ನಾನೆಲ್ಲಿಗೂ ಬರಲ್ಲ. ಅವ್ರು ಬಂದಾಗ ನಾನು ಮನೇಲಿ ಇಲ್ದಿದ್ರೆ? ಹೋಗು, ಆಟ ಆಡ್ಕೋ.”

*

ಶುಕ್ರವಾರ ಮಂಜು ಕಿಟಕಿಗೇ ಬಂದು ಅಂಟಿಕೊಂಡಿತ್ತು. ರಾಯ್ಸ್ ಮಾಮನ ಮನೆ ಕಾಣುತ್ತಿರಲಿಲ್ಲ. ಅಮ್ಮ ಬರುವ ಹೊತ್ತು ಇನ್ನೂ ಆಗಿರಲಿಲ್ಲ.

ಡೆಲ್ಫಿ ಮೇಜಿನ ಮೇಲೆ ಲೆಕ್ಕ ಮಾಡುತ್ತಿದ್ದಳು. ಪೆನ್ಸಿಲ್ ಉರುಳಿತು. ಹಿಡಿದಳು. ಮತ್ತೆ ಉರುಳಿತು.

ಟಿಕ್.

ಅವಳೂ ಎದುರಿಗೆ ಕೂತಿದ್ದ ಅಜ್ಜಿಯೂ ತಲೆ ಎತ್ತಿದರು.

ಟಿಕ್. ಟಿಕ್. ವಸಂತದಿಂದ ನಿಂತಿದ್ದ ಗಡಿಯಾರದ ಲೋಲಕ ತೂಗುತ್ತಿತ್ತು. ಯಾರೂ ಮುಟ್ಟಿರಲಿಲ್ಲ. ಗಾಜಿನ ಹಿಂದೆ ಆ ಹಿತ್ತಾಳೆಯ ಬಿಲ್ಲೆ ಆಚೆ ಈಚೆ, ಆಚೆ ಈಚೆ ಹೋಗುತ್ತಿತ್ತು.

ಆಮೇಲೆ ಕೆಳಗಿನಿಂದ ಸದ್ದು ಬಂತು. ಹಿಂದಿನ ಕೋಣೆಯ ನೆಲದಡಿ, ತುಂಬ ಆಳದಲ್ಲಿ. ಠಕ್. ಸ್ವಲ್ಪ ಬಿಟ್ಟು, ಠಕ್. ಯಾರೋ ಗುದ್ದಲಿ ಹಾಕಿ ತೋಡುತ್ತಿದ್ದ ಹಾಗೆ.

ಅಜ್ಜಿ ಎದ್ದು ನಿಂತಳು. “ಕೇಳಿಸ್ತಾ? ಅವರ ಗುದ್ದಲಿ ಅದು. ನಂಗೊತ್ತಿಲ್ವಾ.” ಅವಳು ಹಿಂದಿನ ಕೋಣೆಯ ಕಡೆ ಹೆಜ್ಜೆ ಹಾಕಿದಳು. ನೆಲ ಆ ಕಡೆ ಇಳಿಜಾರಾಗಿತ್ತು. ಅವಳು ನಡೆಯುವುದಕ್ಕಿಂತ ನೆಲವೇ ಅವಳನ್ನು ಕರೆದುಕೊಂಡು ಹೋಗುವ ಹಾಗೆ ಕಾಣುತ್ತಿತ್ತು.

ಹೊರಗೆ ಬಡ್ ಊಳಿಟ್ಟಿತು. ಮುಂಬಾಗಿಲು ಧಡ್ ಎಂದು ಗೋಡೆಗೆ ಬಡಿದು ಪೂರ್ತಿ ತೆರೆದು ನಿಂತಿತು.

ಡೆಲ್ಫಿ ಓಡಿಹೋಗಿ ಅಜ್ಜಿಯ ಏಪ್ರನ್ ಹಿಡಿದಳು. ನೆಲ ಕುಸೀತಿದೆ ಎನ್ನುವ ಮಾತು ನಾಲಿಗೆಯ ತುದಿಗೆ ಬಂದಿತ್ತು. ಅದು ಬೇಡ ಅನ್ನಿಸಿತು. ಆ ಮಾತು ಕೇಳಿದರೆ ಅಜ್ಜಿ ಬರುವುದಿಲ್ಲ.

“ಅಜ್ಜಿ. ವಾರದಿಂದ ತಾತ ಬಾಗಿಲು ತೆಗೀತಾ ಇದಾರೆ ಅಲ್ವಾ?”

“ಹೂಂ. ಬಿಡು ನನ್ನ.”

“ಒಳಗೆ ಬರೋಕಾದ್ರೆ ಒಂದ್ಸಲ ತೆಗೆದ್ರೆ ಸಾಕಲ್ಲ. ದಿನಾ ಯಾಕೆ ತೆಗೀತಾರೆ?”

ಅಜ್ಜಿ ನಿಂತಳು. ತೆರೆದ ಬಾಗಿಲನ್ನು ನೋಡಿದಳು. ಬಾಗಿಲಾಚೆ ಬೆಳ್ಳಗೆ ಮಂಜು. ಠಕ್ ಎಂದಿತು ನೆಲದಡಿ.

“ನಾವು ಊರಿಗೆ ಹೊರಟಾಗ ಹಾಗೇ ಮಾಡ್ತಿದ್ರು,” ಎಂದಳು ಅಜ್ಜಿ ನಿಧಾನಕ್ಕೆ. “ಬಾಗಿಲು ತೆಗೆದು ಹಿಡ್ಕೊಂಡು ನಿಂತಿರೋರು. ಬೇಗ ಬಾರೆ, ಬೇಗ ಬಾರೆ ಅಂತ.”

“ಬಾ ಅಜ್ಜಿ.”

ಅಜ್ಜಿ ಮೇಜಿನಿಂದ ತಾತನ ಕಪ್ಪು ತೆಗೆದುಕೊಂಡಳು. ಬೇರೇನೂ ಮುಟ್ಟಲಿಲ್ಲ. ಇಬ್ಬರೂ ಏರು ಹತ್ತುವವರ ಹಾಗೆ ಮುಂದಕ್ಕೆ ಬಾಗಿ ಆ ನೆಲದ ಮೇಲೆ ನಡೆದರು. ಬಾಗಿಲು ದಾಟಿ, ಮೆಟ್ಟಿಲು ಇಳಿದು, ಬಡ್ ನಿಂತಿದ್ದ ಅಂಗಳದ ಕೊನೆಗೆ ಬಂದರು.

ದೊಡ್ಡ ಸದ್ದೇನೂ ಆಗಲಿಲ್ಲ. ಮನೆ ಒಮ್ಮೆ ಉಸಿರು ಬಿಟ್ಟಿತು. ಅದರ ಹಿಂದಿನ ಮೂಲೆ ಮೆಲ್ಲಗೆ, ಮುದುಕರು ಕುರ್ಚಿಯಲ್ಲಿ ಕೂರುವ ಹಾಗೆ, ನೆಲದೊಳಗೆ ಕೂತಿತು. ಮಂಚ, ಗೋಡೆ, ಕಿಟಕಿ ಎಲ್ಲ ಒಂದಾದ ಮೇಲೊಂದು ಕೆಳಗೆ ಹೋದವು. ಗಡಿಯಾರದ ಸದ್ದು ಸ್ವಲ್ಪ ಹೊತ್ತು ಕೇಳಿಸಿತು. ಆಮೇಲೆ ಅದೂ ನಿಂತಿತು.

*

ರಾಯ್ಸ್ ಮಾಮ ಟಾರ್ಚು ಹಿಡಿದು ಓಡಿಬಂದ. ಅಮ್ಮನ ಕಾರೂ ಬಂತು. ಅಮ್ಮ ಡೆಲ್ಫಿಯನ್ನು ಅಪ್ಪಿಕೊಂಡವಳು ಬಿಡಲೇ ಇಲ್ಲ.

ಮಾಮ ದೂರದಿಂದಲೇ ಗುಂಡಿಗೆ ಬೆಳಕು ಬಿಟ್ಟ. ಕೆಳಗೆ ಏನೋ ಫಳಫಳ ಹೊಳೆಯಿತು. ಸಾವಿರ ಕಣ್ಣು ಒಟ್ಟಿಗೆ ತೆರೆದ ಹಾಗೆ.

“ಕಾಗೆಬಂಗಾರ,” ಎಂದ ಮಾಮ. ಅವನ ಧ್ವನಿಯಲ್ಲಿ ಈಗ ತಮಾಷೆ ಇರಲಿಲ್ಲ. “ಇದು ಹೋಬರ್ಟಣ್ಣನ ಗಣಿ. ಹುಡುಗನಾಗಿದ್ದಾಗ ಬೆಟ್ಟದ ಆ ಬದಿಯಿಂದ ಒಬ್ಬನೇ ತೋಡ್ತಿದ್ದ. ಎಲ್ಲೀವರೆಗೆ ತೋಡಿದ ಅಂತ ಯಾರಿಗೂ ಹೇಳಿರ್ಲಿಲ್ಲ. ನೋಡಿದ್ರೆ ಮನೆ ಕೆಳಗೇ ಬಂದಿದಾನೆ. ಒಳಗೆ ಕೊಟ್ಟಿದ್ದ ಮರದ ಕಂಬಗಳು ಒಂದೊಂದಾಗಿ ಮುರೀತಿತ್ತು ಅನ್ಸತ್ತೆ. ಠಕ್ ಠಕ್ ಅಂತ ನಮ್ಮನೆಗೂ ಕೇಳಿಸ್ತು.”

“ಹೇಳ್ಲಿಲ್ವಾ ನಾನು,” ಎಂದಳು ಅಜ್ಜಿ, ಕಪ್ಪನ್ನು ಎದೆಗೆ ಒತ್ತಿಕೊಂಡು. “ಅವರೇ ಅಂತ.”

ಡೆಲ್ಫಿ ಅಲ್ಲ ಎನ್ನಲಿಲ್ಲ. ಹೌದೋ ಅಲ್ಲವೋ ಅವಳಿಗೂ ಗೊತ್ತಾಗಲಿಲ್ಲ.

*

ಪೇಟೆಯ ಮನೆ ಪೂರ್ತಿ ನೆಟ್ಟಗಿತ್ತು. ಡೆಲ್ಫಿ ಹೊಸ ಗೋಲಿಯೊಂದನ್ನು ನೆಲದ ಮೇಲಿಟ್ಟು ನೋಡಿದಳು. ಅದು ಇಟ್ಟಲ್ಲೇ ಕೂತಿತ್ತು.

ಅಜ್ಜಿ ಆ ನೆಟ್ಟಗಿನ ನೆಲದ ಮೇಲೆ ಗೋಡೆ ಹಿಡಿದುಕೊಂಡು ನಡೆಯುತ್ತಿದ್ದಳು. ಬಾಗಿಲು ಹಾಕಿದರೆ ಹಾಕಿದಂತೆ, ತೆಗೆದರೆ ತೆಗೆದಂತೆ ಇರುತ್ತಿತ್ತು. ಅಜ್ಜಿ ಆಗಾಗ ಅದನ್ನು ನೋಡುತ್ತಾ ಕೂತಿರುತ್ತಿದ್ದಳು.

ಭಾನುವಾರ ಅವಳು ಅಮ್ಮನ ಬಾಣಲೆಗೆ ಜೋಳದ ಹಿಟ್ಟು ಹುಯ್ದು ಓವನ್ನಿಗಿಟ್ಟಳು. ಅಜ್ಜಿ ಕೈ ತೊಳೆಯಲು ಹೋದಾಗ ಡೆಲ್ಫಿ ಒಂದು ಚಮಚ ತೆಗೆದುಕೊಂಡಳು. ಓವನ್ನಿನ ಬಾಗಿಲು ತೆಗೆದು, ಬಟ್ಟೆಯಲ್ಲಿ ಬಾಣಲೆಯ ಈಚೆ ಕಡೆಯ ಅಂಚು ಎತ್ತಿ, ಅದರ ಅಡಿಗೆ ಚಮಚ ತೂರಿಸಿದಳು. ಮತ್ತೆ ಮುಚ್ಚಿ, ಏನೂ ಗೊತ್ತಿಲ್ಲದವಳ ಹಾಗೆ ಲೆಕ್ಕದ ಪುಸ್ತಕ ಬಿಡಿಸಿ ಕೂತಳು.

ಬ್ರೆಡ್ಡು ಬೆಂದು ಹೊರಗೆ ಬಂತು. ಗೋಡೆಯ ಕಡೆ ದಪ್ಪ, ಈಚೆ ಕಡೆ ತೆಳ್ಳಗೆ.

ಅಜ್ಜಿ ಬಹಳ ಹೊತ್ತು ಅದನ್ನೇ ನೋಡಿದಳು. ಓವನ್ನಿನೊಳಗಿದ್ದ ಚಮಚವೂ ಅವಳಿಗೆ ಕಂಡಿರಬೇಕು. ದಪ್ಪ ಕಡೆಯಿಂದ ಒಂದು ತುಂಡು ಕತ್ತರಿಸಿ ತಾತನ ಕಪ್ಪಿನ ಪಕ್ಕ ಇಟ್ಟಳು.

ಡೆಲ್ಫಿ ಎದ್ದುಹೋಗಿ ಮುಂಬಾಗಿಲನ್ನು ಸ್ವಲ್ಪ ತೆರೆದಳು. ಮತ್ತೆ ಬಂದು ಕೂತಳು.